ಬುಲ್ಸ್ ಆರಿಸಿದವರು, ಬುಲ್ಸ್ ಬಿಟ್ಟುಕೊಟ್ಟವರು

ಪ್ರದೀಪ್ ನರ್ವಾಲ್ ಪ್ರೊ ಕಬಡ್ಡಿಗೆ ಕಾಲಿಟ್ಟಿದ್ದು ಬೆಂಗಳೂರು ಬುಲ್ಸ್ ಜೆರ್ಸಿ ತೊಟ್ಟು. ಕಾಗವಾಡ, ಅಥಣಿ ಕಡೆಯ ಕಬಡ್ಡಿ ಹುಡುಗರಿಗೆ ಈ ಮಾತು ಹೇಳಿದರೆ ಅರ್ಧಕ್ಕರ್ಧ ಮಂದಿ ನಂಬುವುದಿಲ್ಲ. ಅವರ ಪಾಲಿಗೆ ಪ್ರದೀಪ್ ಎಂದರೆ ಪಟ್ನಾ ಪೈರೇಟ್ಸ್, ಪಟ್ನಾ ಎಂದರೆ ಪ್ರದೀಪ್. ಆದರೆ 2015ರ ಎರಡನೇ ಆವೃತ್ತಿಯಲ್ಲಿ, ಹರಿಯಾಣದ ಸೋನಿಪತ್ ಜಿಲ್ಲೆಯ ಹಳ್ಳಿಯೊಂದರಿಂದ ಬಂದ 18ರ ಆ ಹುಡುಗ ಕುಳಿತಿದ್ದು ಬುಲ್ಸ್ ಬೆಂಚಿನ ಮೇಲೆ. ಆಡಲು ಸಿಕ್ಕಿದ್ದು ಕೆಲವೇ ಪಂದ್ಯ, ಗಳಿಸಿದ್ದು ಬೆರಳೆಣಿಕೆಯ ಅಂಕ. ಆ ವರ್ಷ ಬುಲ್ಸ್ ಫೈನಲ್‌ಗೆ ಹೋಗಿ ಯು ಮುಂಬಾ ಎದುರು 36–30ರಿಂದ ಸೋತಿತು. ಮುಂದಿನ ಆವೃತ್ತಿಯ ಹೊತ್ತಿಗೆ ಪ್ರದೀಪ್ ಪಟ್ನಾದಲ್ಲಿದ್ದ. ಬಂದ ವರ್ಷವೇ 116 ರೈಡ್ ಪಾಯಿಂಟ್, ಸತತ ಮೂರು ಪ್ರಶಸ್ತಿ, 2017ರ ಒಂದೇ ಆವೃತ್ತಿಯಲ್ಲಿ 369 ಪಾಯಿಂಟ್. ಆಟ ನಿಲ್ಲಿಸುವ ಹೊತ್ತಿಗೆ ಲೆಕ್ಕ 1,800 ದಾಟಿತ್ತು. ಲೀಗ್‌ನಲ್ಲಿ ಅಷ್ಟು ದೂರ ಹೋದ ರೈಡರ್ ಇನ್ನೊಬ್ಬನಿಲ್ಲ.

ಅವನ 'ಡುಬ್ಕಿ'ಯನ್ನು ಹತ್ತಿರದಿಂದ ನೋಡಬೇಕು. ಎದುರು ಪಾಳೆಯದ ಇಬ್ಬರು ಕೈ ಕೈ ಹಿಡಿದು ಸರಪಳಿ ಕಟ್ಟಿಕೊಂಡು ಮುಂದೆ ಬರುತ್ತಾರೆ. ಮಾಮೂಲಿ ರೈಡರ್ ಪಕ್ಕಕ್ಕೆ ಹಾರುತ್ತಾನೆ, ಇಲ್ಲವೇ ಎದೆ ಕೊಟ್ಟು ನುಗ್ಗುತ್ತಾನೆ. ಪ್ರದೀಪ್ ಅವರು ಮೈಮೇಲೆ ಬರುವವರೆಗೂ ಕಾಯುತ್ತಿದ್ದ. ಅವರ ಕೈಗಳು ತನ್ನ ಕಡೆಗೆ ಚಾಚಿದ ಮೇಲೆ, ಅವರ ಭಾರ ಮುಂದಕ್ಕೆ ವಾಲಿದ ಮೇಲೆ, ಮೊಣಕಾಲು ಮಡಿಸಿ ತಲೆ ತಗ್ಗಿಸಿ ಆ ಕೈಗಳ ಅಡಿಯಿಂದಲೇ ಆಚೆ ಹೊರಡುತ್ತಿದ್ದ. ಹಿಡಿಯಲು ಬಂದವರು ಒಬ್ಬರ ಮೇಲೊಬ್ಬರು ಬೀಳುವಷ್ಟರಲ್ಲಿ ಅವನ ಕೈ ಮಧ್ಯರೇಖೆ ಮುಟ್ಟಿರುತ್ತಿತ್ತು. ಅವನನ್ನು ಮುಟ್ಟಿದವರೆಲ್ಲ ಔಟ್. ಇಂಥ ಆಟಗಾರ ಕೈಯಲ್ಲಿದ್ದಾಗ ಅವನನ್ನು ಬಿಟ್ಟ ತಂಡ ನಮ್ಮದು.

ಆಟಗಾರರನ್ನು ಆರಿಸುವ ಕೆಲಸದಲ್ಲಿ ಇಂಥ ಗಾಯ ಎಲ್ಲ ದೇಶದಲ್ಲೂ ಇದೆ. ಅಮೆರಿಕದ ಬ್ಯಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎಯಲ್ಲಿ 1984ರಲ್ಲಿ ಎರಡನೇ ಆಯ್ಕೆಯ ಸರದಿ ಪೋರ್ಟ್‌ಲೆಂಡ್ ತಂಡದ್ದಾಗಿತ್ತು. ಅವರು ಸ್ಯಾಮ್ ಬೋವಿ ಎಂಬ ಎತ್ತರದ ಹುಡುಗನನ್ನು ಎತ್ತಿಕೊಂಡರು. ಮೂರನೇ ಸರದಿಯ ಶಿಕಾಗೊಗೆ ಉಳಿದವನು ಮೈಕೆಲ್ ಜೋರ್ಡಾನ್. ಬೋವಿ ಕಾಲಿನ ಗಾಯಗಳಲ್ಲೇ ಬಳಲಿದ, ಜೋರ್ಡಾನ್ ಶಿಕಾಗೊಗೆ ಆರು ಪ್ರಶಸ್ತಿ ತಂದುಕೊಟ್ಟ. ಪೋರ್ಟ್‌ಲೆಂಡ್ ಜನ ಇವತ್ತಿಗೂ ಆ ದಿನ ಮರೆತಿಲ್ಲ. ಆದರೆ ಅವರು ಜೋರ್ಡಾನ್‌ನನ್ನು ಕಣ್ಣೆದುರು ಆಡಿಸಿ ನೋಡಿರಲಿಲ್ಲ. ಬುಲ್ಸ್ ಪ್ರದೀಪ್‌ನನ್ನು ದಿನಾ ಅಭ್ಯಾಸದಲ್ಲಿ ನೋಡುತ್ತಿತ್ತು.

ಎನ್‌ಬಿಎಗೂ ನಮ್ಮ ಕಬಡ್ಡಿಗೂ ಆರಿಸುವ ರೀತಿ ಬೇರೆ. ಅಲ್ಲಿ ಹೊಸ ಹುಡುಗರಿಗೆ ಹರಾಜಿಲ್ಲ, ಸರದಿ ಇದೆ. ಹಿಂದಿನ ವರ್ಷ ಸೋತು ಸುಣ್ಣವಾದ ತಂಡಗಳಿಗೆ ಮೊದಲ ಸರದಿ. ಬೇಕೆಂದೇ ಸೋಲುವವರನ್ನು ತಡೆಯಲು 1985ರಿಂದ ಲಾಟರಿ ಎತ್ತುತ್ತಾರೆ. ಇಲ್ಲಿ ನಡೆಯುವುದು ಹರಾಜು. ಎಲ್ಲ ತಂಡಗಳ ಕೈಚೀಲದಲ್ಲೂ ಒಂದೇ ಮೊತ್ತ: 2018ರಲ್ಲಿ 4 ಕೋಟಿ ರೂಪಾಯಿ, 2023ರ ಹರಾಜಿಗೆ 5 ಕೋಟಿ. ಆಟಗಾರರನ್ನು ಎ, ಬಿ, ಸಿ, ಡಿ ಎಂದು ವಿಂಗಡಿಸಿ ಒಂದೊಂದಕ್ಕೂ ಮೂಲ ಬೆಲೆ ಇಟ್ಟಿರುತ್ತಾರೆ. ಬಿಟ್ಟುಕೊಟ್ಟ ಆಟಗಾರನನ್ನು ಬೇರೆಯವರು ಕೂಗಿದ ಕೊನೆಯ ಬೆಲೆಗೇ ಮರಳಿ ಪಡೆಯುವ ಅವಕಾಶವೂ ಹಳೆಯ ತಂಡಕ್ಕೆ ಉಂಟು. ಇದರ ಜೊತೆಗೆ 'ಹೊಸ ಯುವ ಆಟಗಾರ' ಎಂಬ ದಾರಿ ಇದೆ, ಎಲ್ಲರ ಬಾಯಲ್ಲೂ ಎನ್‌ವೈಪಿ. 2017ರಿಂದ ದೇಶದ ಊರೂರುಗಳಲ್ಲಿ ಶಿಬಿರ ಮಾಡಿ ಹೆಕ್ಕಿದ ಹುಡುಗರನ್ನು ತಂಡಗಳು ದೊಡ್ಡ ಹರಾಜಿನ ಹೊರಗೆ ಸೇರಿಸಿಕೊಳ್ಳುತ್ತ ಬಂದಿವೆ. ಬಡ ಹುಡುಗನ ಬಾಗಿಲು ಇದೇ.

2014ರ ಮೊದಲ ಹರಾಜಿನಲ್ಲಿ ಅತಿ ದುಬಾರಿ ಆಟಗಾರನ ಬೆಲೆ 12.80 ಲಕ್ಷ. ಪಟ್ನಾ ಕೊಂಡ ರಾಕೇಶ್ ಕುಮಾರ್‌ಗೆ ಸಿಕ್ಕಿದ್ದು ಅಷ್ಟು. ರೈಲ್ವೆ, ಪೊಲೀಸ್, ಬ್ಯಾಂಕ್ ಎಂದು ಇಲಾಖೆ ತಂಡಗಳಲ್ಲಿ ಸಂಬಳಕ್ಕೆ ಆಡುತ್ತಿದ್ದ ಆಟಗಾರರಿಗೆ ಅದೇ ದೊಡ್ಡ ಹಣ. ಬುಲ್ಸ್ ಆಗ ದೆಹಲಿಯ ಮಂಜೀತ್ ಛಿಲ್ಲರ್‌ಗೆ ನಾಯಕತ್ವ ಕೊಟ್ಟಿತು, ಹಿಮಾಚಲದ ಅಜಯ್ ಠಾಕೂರ್‌ನನ್ನು ದಾಳಿಗೆ ತಂದಿತು. ಕೋಚ್ ರಂಧೀರ್ ಸಿಂಗ್ ಸೆಹ್ರಾವತ್. ಮೊದಲ ವರ್ಷ ಸೆಮಿಫೈನಲ್, ಎರಡನೇ ವರ್ಷ ಫೈನಲ್. ಆಮೇಲೆ ಮಂಜೀತ್ ಹೋದ, ಅಜಯ್ ಹೋದ, ತಂಡ ಕುಸಿಯಿತು. 2017ರಲ್ಲಿ 81 ಲಕ್ಷ ಕೊಟ್ಟು ರೋಹಿತ್ ಕುಮಾರ್‌ನನ್ನು ತಂದರು. ಆ ಹಣ ಹುಸಿಯಾಗಲಿಲ್ಲ. ಯು.ಪಿ. ಯೋಧಾ ವಿರುದ್ಧ ಒಂದೇ ಪಂದ್ಯದಲ್ಲಿ 30 ರೈಡ್ ಪಾಯಿಂಟ್ ಗಳಿಸಿ ದಾಖಲೆ ಮಾಡಿದ. ಅದು ಒಂದು ವಾರವೂ ಉಳಿಯಲಿಲ್ಲ. ಮುರಿದವನು ಯಾರು ಎಂದರೆ ಮತ್ತೆ ಪ್ರದೀಪ್ ನರ್ವಾಲ್, 34 ಪಾಯಿಂಟ್.

ಬುಲ್ಸ್ ಆಯ್ಕೆಗಾರರ ಕಣ್ಣು ಮಂದ ಎಂದು ನಾನು ಹೇಳಲಾರೆ. ಅವರ ಕಣ್ಣು ಚುರುಕಾಗಿಯೇ ಇದೆ. ಬೇರೆಯವರಿಗೆ ಕಾಣದ ಕಸುವು ಅವರಿಗೆ ಕಾಣುತ್ತದೆ, ಕೈ ಮಾತ್ರ ಬಿಗಿಯಿಲ್ಲ. ಪವನ್ ಸೆಹ್ರಾವತ್‌ನ ಕತೆ ತೆಗೆದುಕೊಳ್ಳಿ. ದೆಹಲಿಯ ಬವಾನಾದ ಈ ಹುಡುಗನನ್ನು 2016ರ ಮೂರನೇ ಆವೃತ್ತಿಯಲ್ಲಿ ಕಣಕ್ಕಿಳಿಸಿದ್ದು ಬುಲ್ಸ್. ಆಮೇಲೆ ಬಿಟ್ಟಿತು. ಗುಜರಾತ್ ತಂಡ ಸೇರಿದವನಿಗೆ ಅಲ್ಲಿ ಆಡಲು ಹೆಚ್ಚು ಸಿಗಲಿಲ್ಲ. 2018ರ ಹರಾಜು ಬಂತು. ಕಬಡ್ಡಿ ಮೊದಲ ಬಾರಿ ಕೋಟಿ ಕಂಡ ಹರಾಜು ಅದು. ಮೋನು ಗೋಯತ್‌ಗೆ ಹರಿಯಾಣ ಸ್ಟೀಲರ್ಸ್ 1.51 ಕೋಟಿ ಕೊಟ್ಟಿತು. ಒಟ್ಟು ಆರು ಮಂದಿ ಕೋಟಿ ಮುಟ್ಟಿದರು, ಆರರಲ್ಲಿ ಒಬ್ಬನೂ ಬುಲ್ಸ್‌ಗೆ ಬರಲಿಲ್ಲ. ಅವರು ಪವನ್‌ನನ್ನು 52.80 ಲಕ್ಷಕ್ಕೆ ಮರಳಿ ಕರೆತಂದರು. ಹಿಂದಿನ ವರ್ಷ ಬೆಂಚು ಕಾದವನಿಗೆ ಇಷ್ಟೊಂದು ಹಣವೇ ಎಂದು ಅನೇಕರಿಗೆ ಅನ್ನಿಸಿತ್ತು.

2019ರ ಜನವರಿ 5, ಮುಂಬೈ, ಫೈನಲ್. ಎದುರಿಗೆ ಅದೇ ಗುಜರಾತ್. ಮಧ್ಯಂತರಕ್ಕೆ ಬುಲ್ಸ್ 9, ಗುಜರಾತ್ 16. ಅಲ್ಲಿಂದ ಮುಂದೆ ಪಂದ್ಯ ಪವನ್‌ನದು. ಓಡುತ್ತಲೇ ಕೈ ತಾಗಿಸಿ ಬರುವುದು, ಹಿಡಿದವರ ತಲೆಯ ಮೇಲಿಂದ ಜಿಗಿಯುವುದು, ಮೂಲೆಯವನು ಕಾಲಿಗೆ ಕೈ ಹಾಕುವ ಮೊದಲೇ ದಿಕ್ಕು ಬದಲಿಸುವುದು. ಒಬ್ಬನೇ 22 ಅಂಕ ತಂದ. 38–33. ಬೆಂಗಳೂರಿಗೆ ಮೊದಲ ಪ್ರಶಸ್ತಿ. ಅದೇ ವರ್ಷದ ಅಕ್ಟೋಬರ್ 2ರಂದು ಹರಿಯಾಣ ವಿರುದ್ಧ ಒಂದೇ ಪಂದ್ಯದಲ್ಲಿ 39 ರೈಡ್ ಪಾಯಿಂಟ್ ಬಾಚಿ ಪ್ರದೀಪ್‌ನ ದಾಖಲೆಯನ್ನೂ ಅಳಿಸಿದ. ಬಿಟ್ಟವನನ್ನು ಕರೆತಂದು ಗೆದ್ದ ಈ ಒಂದು ಆಯ್ಕೆಗಾಗಿ ಬುಲ್ಸ್‌ಗೆ ನಾನು ಎಷ್ಟು ಬೇಕಾದರೂ ಮಾರ್ಕ್ಸ್ ಕೊಡುತ್ತೇನೆ.

ಆ ಚಾಂಪಿಯನ್ ತಂಡದ ಬಗ್ಗೆ ಗಡಿಭಾಗದವರಾದ ನಾವು ಹೇಳಲೇಬೇಕಾದ ಎರಡು ಮಾತಿವೆ. ಒಂದು, ಆ ವರ್ಷ 'ತವರಿನ' ಪಂದ್ಯಗಳು ಬೆಂಗಳೂರಿನಲ್ಲಿ ನಡೆಯಲಿಲ್ಲ. ಕ್ರೀಡಾಂಗಣ ಸಿಗದೆ ಪುಣೆಗೆ ಹೋದವು. ಅದರ ಹಿಂದಿನ ವರ್ಷ ನಾಗಪುರಕ್ಕೆ ಹೋಗಿದ್ದವು. ಕಪ್ ಗೆದ್ದ ಬೆಂಗಳೂರು ತಂಡ ತನ್ನ ಊರಿನ ಜನರೆದುರು ಆಡಲೇ ಇಲ್ಲ. ಗಡಿಯಂಚಿನ ನಮ್ಮ ಮಂಗಸೂಳಿಯಿಂದ ಬೆಂಗಳೂರೆಂದರೆ ಇಡೀ ರಾತ್ರಿಯ ಬಸ್ಸು, ಪುಣೆ ಅದರ ಅರ್ಧ ದೂರವೂ ಇಲ್ಲ. ಹಾಗಾಗಿ ಆ ವರ್ಷ ಬುಲ್ಸ್ ರಾಜಧಾನಿಯವರಿಗಿಂತ ನಮಗೇ ಹತ್ತಿರವಿತ್ತು. ಎರಡನೆಯದು ಕಾಶಿಲಿಂಗ ಅಡಕೆ. ಸಾಂಗ್ಲಿ ಜಿಲ್ಲೆಯ ಕಾಸೇಗಾಂವ್‌ನ ಈ ರೈಡರ್ ದಬಂಗ್ ದೆಹಲಿಯಲ್ಲಿ ಹೆಸರು ಮಾಡಿ, ಯು ಮುಂಬಾ ಸುತ್ತಿ, 2018ರಲ್ಲಿ ಬುಲ್ಸ್‌ಗೆ ಬಂದಿದ್ದ. ಮೀರಜ್ ದಾಟಿದರೆ ಸಾಂಗ್ಲಿ. ಕೃಷ್ಣೆಯ ನೀರು ಅವರ ದಂಡೆ ತೊಳೆದೇ ನಮ್ಮ ಕಡೆ ಬರುತ್ತದೆ. ಬುಲ್ಸ್‌ನ ಚಾಂಪಿಯನ್ ತಂಡದಲ್ಲಿ ನಮಗೆ ನೆಲದ ನೆಂಟ ಎಂದು ಕೈ ತೋರಿಸಲು ಸಿಕ್ಕವನು ಮಹಾರಾಷ್ಟ್ರದವನು. ಟಿ.ವಿ. ಎದುರು ಕೂತ ನಮ್ಮ ಹಿರಿಯರೊಬ್ಬರು ಆಗ ಕೇಳಿದ್ದರು: "ತಮ್ಮಾ, ಬೆಂಗಳೂರ ಟೀಮಿನ್ಯಾಗ ಆಡಾವ್ರು ಎಲ್ಲಾ ಹರಿಯಾಣಾದವ್ರಽ ಅದಾರಲ್ಲ, ನಮ್ಮ ಮಂದಿ ಯಾರೂ ಇಲ್ಲೇನ?"

ಆ ಪ್ರಶ್ನೆಗೆ ಉತ್ತರ ಕೊಡುವ ಮೊದಲು ಉಳಿದ ಕತೆ ಮುಗಿಸಬೇಕು. 2022ರ ಹರಾಜಿನಲ್ಲಿ ಪವನ್ ಮತ್ತೆ ಕೈತಪ್ಪಿದ. ತಮಿಳ್ ತಲೈವಾಸ್ 2.26 ಕೋಟಿ ಕೂಗಿತು. ಬುಲ್ಸ್ 1.70 ಕೋಟಿಗೆ ವಿಕಾಸ್ ಕಂಡೋಲಾನನ್ನು ತಂದಿತು. ಮೊದಲ ಪಂದ್ಯದಲ್ಲೇ ಪವನ್ ಮೊಣಕಾಲು ನೋಯಿಸಿಕೊಂಡು ಇಡೀ ಆವೃತ್ತಿ ಹೊರಗುಳಿದ, ಬುಲ್ಸ್ ಸೆಮಿಫೈನಲ್ ಮುಟ್ಟಿತು. ಹಾಗೆ ನೋಡಿದರೆ ಆ ವರ್ಷ ಅದೃಷ್ಟ ನಮ್ಮ ಕಡೆಗಿತ್ತು. ಆದರೆ ತಂಡವನ್ನು ಎತ್ತಿದ್ದು 1.70 ಕೋಟಿಯ ಕಂಡೋಲಾ ಅಲ್ಲ, ಎನ್‌ವೈಪಿ ಬಾಗಿಲಿನಿಂದ ಬಂದಿದ್ದ ಭರತ್ ಹೂಡಾ. 279 ರೈಡ್ ಪಾಯಿಂಟ್ ತೆಗೆದು ಪಟ್ಟಿಯಲ್ಲಿ ಎರಡನೆಯವನಾದ. ರೈಟ್ ಕಾರ್ನರ್‌ನಲ್ಲಿ ನಿಂತು ನಾಯಕತ್ವದವರೆಗೂ ಬೆಳೆದ ಸೌರಭ್ ನಂದಲ್ ಕೂಡ ಅದೇ ಬಾಗಿಲಿನವನು. ಹುಡುಗರನ್ನು ಹುಡುಕಿ ತಿದ್ದುವುದರಲ್ಲಿ ಬುಲ್ಸ್ ಯಾರಿಗೂ ಕಡಿಮೆಯಿಲ್ಲ ಎಂದು ನಾನು ಹೇಳಿದ್ದು ಇದಕ್ಕೇ.

2024ರಲ್ಲಿ ಏನಾಯಿತು ನೋಡಿ. ಭರತ್‌ನನ್ನು ಬಿಟ್ಟರು. ಯು.ಪಿ. ಯೋಧಾಸ್ 1.30 ಕೋಟಿಗೆ ಎತ್ತಿಕೊಂಡಿತು. ಬುಲ್ಸ್ 70 ಲಕ್ಷ ಕೊಟ್ಟು ಮರಳಿ ತಂದಿದ್ದು ಒಂಬತ್ತು ವರ್ಷ ಹಿಂದೆ ಬಿಟ್ಟ ಪ್ರದೀಪ್ ನರ್ವಾಲ್‌ನನ್ನು. ಡುಬ್ಕಿಗೆ ಬೇಕಾದ ಮೊಣಕಾಲು, ಸೊಂಟ ಆ ವಯಸ್ಸಿಗೆ ಮೊದಲಿನಂತೆ ಮಡಿಯುವುದಿಲ್ಲ. ಅಭಿಮಾನಿಗಳು ಅವನು ತವರಿಗೆ ಬಂದ ಎಂದು ಹಿಗ್ಗಿದರು, ನಾನೂ ಹಿಗ್ಗಿದೆ. 22 ಪಂದ್ಯಗಳಲ್ಲಿ ಎರಡೇ ಗೆಲುವು, ಹನ್ನೆರಡು ತಂಡಗಳಲ್ಲಿ ಹನ್ನೆರಡನೆಯ ಸ್ಥಾನ. 2025ರ ಹರಾಜಿನಲ್ಲಿ ಪ್ರದೀಪ್‌ನನ್ನು ಯಾರೂ ಕೂಗಲಿಲ್ಲ, ಅವನು ಆಟಕ್ಕೆ ವಿದಾಯ ಹೇಳಿದ. ಅಮೆರಿಕದಲ್ಲಾಗಿದ್ದರೆ ಕೊನೆಯ ಸ್ಥಾನ ಬಂದ ತಂಡಕ್ಕೆ ಮರುವರ್ಷದ ಅತ್ಯುತ್ತಮ ಹುಡುಗನನ್ನು ಪಡೆಯುವ ದೊಡ್ಡ ಅವಕಾಶ ಇರುತ್ತಿತ್ತು. ಇಲ್ಲಿ ಸೋತವನಿಗೂ ಗೆದ್ದವನಿಗೂ ಅದೇ ಚೀಲ, ಅದೇ ಹಣ.

ಈಗ ಹಿರಿಯರ ಪ್ರಶ್ನೆ. ಕನ್ನಡನಾಡಿನಲ್ಲಿ ಆಟಗಾರರಿಲ್ಲವೇ? ಇದ್ದಾರೆ, ಬೇರೆಯವರ ಅಂಗಳದಲ್ಲಿ ಇದ್ದಾರೆ. ಕರಾವಳಿಯ ಸುಕೇಶ್ ಹೆಗ್ಡೆ ತೆಲುಗು ಟೈಟನ್ಸ್‌ನಲ್ಲಿ ಬೆಳೆದು, 2017ರಲ್ಲಿ ಗುಜರಾತ್‌ನ ನಾಯಕನಾಗಿ ಆ ಹೊಸ ತಂಡವನ್ನು ಮೊದಲ ವರ್ಷವೇ ಫೈನಲ್‌ಗೆ ಮುಟ್ಟಿಸಿದ. ಪುತ್ತೂರಿನ ಪ್ರಶಾಂತ್ ಕುಮಾರ್ ರೈ 2018ರಲ್ಲಿ 79 ಲಕ್ಷಕ್ಕೆ ಯು.ಪಿ. ಪಾಲಾದ. ಮುಂದೆ ಪಟ್ನಾ ನಾಯಕನಾಗಿ 2022ರ ಫೆಬ್ರುವರಿಯಲ್ಲಿ ಫೈನಲ್ ಆಡಿದ, ದೆಹಲಿ ಎದುರು ಒಂದೇ ಒಂದು ಅಂಕದಿಂದ ಸೋತ, 37–36. ಕೋವಿಡ್ ಕಾರಣಕ್ಕೆ ಆ ಆವೃತ್ತಿ ಪೂರ್ತಿ ನಡೆದದ್ದು ಬೆಂಗಳೂರಿನ ವೈಟ್‌ಫೀಲ್ಡ್‌ನಲ್ಲಿ. ಕನ್ನಡದ ನೆಲದಲ್ಲಿ ಕನ್ನಡದ ಹುಡುಗ ಬಿಹಾರದ ಅಂಗಿ ತೊಟ್ಟು ಕಪ್‌ಗೆ ಒಂದಂಕ ಹಿಂದುಳಿದ. ಇನ್ನು ಬಿ.ಸಿ. ರಮೇಶ್. ಅರ್ಜುನ ಪ್ರಶಸ್ತಿ ಪಡೆದ ನಮ್ಮ ಆಟಗಾರ, 2019ರಲ್ಲಿ ಬೆಂಗಾಲ್ ವಾರಿಯರ್ಸ್‌ಗೆ, 2024ರಲ್ಲಿ ಪುಣೇರಿ ಪಲ್ಟನ್‌ಗೆ ಕೋಚ್ ಆಗಿ ಕಪ್ ಗೆಲ್ಲಿಸಿದವರು.

ಹೆಣ್ಣುಮಕ್ಕಳ ವಿಷಯ ಇನ್ನೂ ಕಹಿ. 2016ರಲ್ಲಿ ಮೂರೇ ತಂಡಗಳ ಮಹಿಳಾ ಕಬಡ್ಡಿ ಚಾಲೆಂಜ್ ನಡೆಯಿತು. ಮೂರು ನಾಯಕಿಯರಲ್ಲಿ ಇಬ್ಬರು ನಮ್ಮವರು: ಕಾರ್ಕಳ ಕಡೆಯ ಮಮತಾ ಪೂಜಾರಿ, ಬೆಂಗಳೂರಿನ ತೇಜಸ್ವಿನಿ ಬಾಯಿ. ಇಬ್ಬರೂ ಏಷ್ಯನ್ ಗೇಮ್ಸ್ ಚಿನ್ನ ಗೆದ್ದವರು, ಇಬ್ಬರಿಗೂ ಅರ್ಜುನ ಪ್ರಶಸ್ತಿ. ತೇಜಸ್ವಿನಿಯ ಸ್ಟಾರ್ಮ್ ಕ್ವೀನ್ಸ್ 24–23ರಿಂದ ಫೈನಲ್ ಗೆದ್ದಿತು. ಗಂಡುಮಕ್ಕಳ ಲೀಗ್ ಎಂಟರಿಂದ ಹನ್ನೆರಡು ತಂಡಕ್ಕೆ ಬೆಳೆಯಿತು, ಆ ಚಾಲೆಂಜ್ ಅಲ್ಲಿಗೇ ನಿಂತಿತು. ಆರಿಸುವ ತಂಡವೇ ಇಲ್ಲದ ಮೇಲೆ ಆರಿಸಿಕೊಳ್ಳಲಿಲ್ಲ ಎಂದು ಯಾರನ್ನು ಕೇಳುವುದು?

ಎನ್‌ಬಿಎಯ ಹಳೆಯ ನಿಯಮವೊಂದನ್ನು ಬುಲ್ಸ್ ಮಾಲೀಕರಿಗೂ ಲೀಗ್ ನಡೆಸುವವರಿಗೂ ನೆನಪಿಸಬೇಕು ಎನಿಸುತ್ತದೆ. 1965ರವರೆಗೆ ಅಲ್ಲಿ ಪ್ರಾದೇಶಿಕ ಆಯ್ಕೆ ಎಂಬುದೊಂದಿತ್ತು. ತಂಡವೊಂದು ತನ್ನ ಮೊದಲ ಸುತ್ತಿನ ಸರದಿಯನ್ನು ಬಿಟ್ಟುಕೊಟ್ಟು, ತನ್ನ ಕ್ರೀಡಾಂಗಣದ ಸುತ್ತ 50 ಮೈಲಿ, ಅಂದರೆ ಸುಮಾರು 80 ಕಿಲೋಮೀಟರ್ ಒಳಗಿನ ಹುಡುಗನನ್ನು ನೇರವಾಗಿ ತನ್ನವನನ್ನಾಗಿ ಮಾಡಿಕೊಳ್ಳಬಹುದಿತ್ತು. ಲೀಗ್ ಆಗಿನ್ನೂ ಎಳೆಯದು, ಕುರ್ಚಿಗಳು ತುಂಬುತ್ತಿರಲಿಲ್ಲ. ಊರಿನ ಕಾಲೇಜಿನಲ್ಲಿ ಆಡಿದವನು ಊರಿನ ತಂಡದಲ್ಲೇ ಆಡಿದರೆ ಜನ ಟಿಕೆಟ್ ಕೊಳ್ಳುತ್ತಾರೆ ಎಂಬ ನೇರ ವ್ಯವಹಾರದ ಲೆಕ್ಕ ಅದು. ಫಿಲಡೆಲ್ಫಿಯಾ 1959ರಲ್ಲಿ ವಿಲ್ಟ್ ಚೇಂಬರ್ಲೇನ್‌ನನ್ನು ಹೀಗೇ ಪಡೆಯಿತು. ಅವನು ಓದಿದ್ದು ದೂರದ ಕಾನ್ಸಸ್‌ನಲ್ಲಾದರೂ ಶಾಲಾ ದಿನಗಳಲ್ಲಿ ಆಡಿದ್ದು ಫಿಲಡೆಲ್ಫಿಯಾದಲ್ಲಿ, ಅಷ್ಟು ಸಾಕೆಂದು ಹಕ್ಕು ಒತ್ತಿ ಹೇಳಿದರು. ಮರುವರ್ಷ ಸಿನ್ಸಿನಾಟಿ ಆಸ್ಕರ್ ರಾಬರ್ಟ್‌ಸನ್‌ನನ್ನು ತನ್ನವನೆಂದಿತು. ಇಬ್ಬರೂ ಆ ಆಟದ ಚರಿತ್ರೆಯಲ್ಲಿ ಬಹು ಎತ್ತರದಲ್ಲಿ ನಿಂತವರು. ನೆಲದ ಹುಡುಗನನ್ನು ಆರಿಸಿದರೆ ಗುಣಮಟ್ಟ ಇಳಿಯುತ್ತದೆ ಎಂಬ ವಾದಕ್ಕೆ ಈ ಎರಡು ಹೆಸರೇ ಉತ್ತರ.

80 ಕಿಲೋಮೀಟರ್ ಲೆಕ್ಕ ನಮಗೆ ಆಗಿಬರುವುದಿಲ್ಲ. ಬೆಂಗಳೂರಿನಿಂದ ಗೆರೆ ಎಳೆದರೆ ತುಮಕೂರಿನ ಆಸುಪಾಸಿಗೇ ಮುಗಿಯುತ್ತದೆ. ಮಂಗಸೂಳಿಯಿಂದ ಅದೇ ಗೆರೆ ಎಳೆದರೆ ಅಥಣಿ, ರಾಯಬಾಗ, ಚಿಕ್ಕೋಡಿ, ಮೀರಜ್, ಸಾಂಗ್ಲಿ ಎಲ್ಲ ಅದರೊಳಗೆ ಬರುತ್ತವೆ. ಮಲ್ಲಯ್ಯನೆಂದು ನಾವು, ಖಂಡೋಬಾ ಎಂದು ಆಚೆಯವರು ಭಂಡಾರ ಹಾರಿಸುವ ಊರು ಇದು. ದೇವರಂತೆ ಕಬಡ್ಡಿಯೂ ಇಲ್ಲಿ ಎರಡೂ ಕಡೆಯದು. ಈಚೆಯ ಹುಡುಗರು ಆಚೆಯ ಪಂದ್ಯಾವಳಿಗೆ ಹೋಗುತ್ತಾರೆ, ಆಚೆಯವರು ಈಚೆಗೆ ಬರುತ್ತಾರೆ. ಹಾಗಾಗಿ ನಮ್ಮ ಮಟ್ಟಿಗೆ ಗೆರೆ ಮೈಲಿಯಲ್ಲಿ ಬೇಡ, ರಾಜ್ಯದ ಲೆಕ್ಕದಲ್ಲಿ ಇರಲಿ: ಪ್ರತಿ ತಂಡವೂ ತನ್ನ ಎನ್‌ವೈಪಿ ಸ್ಥಾನಗಳಲ್ಲಿ ಎರಡನ್ನು ತವರು ರಾಜ್ಯದ ಹುಡುಗರಿಗೆ ಮೀಸಲಿಡಬೇಕು. ಹರಿಯಾಣದ ಹುಡುಗರ ಮೇಲೆ ನನಗೆ ಸಿಟ್ಟಿಲ್ಲ. ಬೆಳಗಿನ ಜಾವ ಎದ್ದು ಅಖಾಡದ ಮಣ್ಣಲ್ಲಿ ಹೊರಳಿ ಬಂದವರು ಅವರು, ಕಷ್ಟಪಟ್ಟು ಆ ಜಾಗ ಗಳಿಸಿದ್ದಾರೆ. ಆದರೆ ಊರು, ನಾಡುಗಳ ಹೆಸರಿನ ಹನ್ನೆರಡು ತಂಡಗಳಲ್ಲಿ ಬಹುಪಾಲು ಆಟಗಾರರು ಒಂದೇ ರಾಜ್ಯದವರಾದರೆ ಊರಿನ ಹೆಸರು ಅಂಗಿಯ ಮೇಲಷ್ಟೇ ಉಳಿಯುತ್ತದೆ.

ನಮ್ಮ ಹುಡುಗರು ಶಿಬಿರದವರ ಕಣ್ಣಿಗೆ ಬೀಳದಿರಲು ಇನ್ನೊಂದು ಕಾರಣ ಇದೆ, ಅದನ್ನು ನಾವೇ ಸರಿಪಡಿಸಿಕೊಳ್ಳಬೇಕು. ನಮ್ಮ ಹಳ್ಳಿಯ ಪಂದ್ಯಾವಳಿಗಳು ನಡೆಯುವುದು ತೂಕದ ಮೇಲೆ. '55 ಕೆ.ಜಿ. ಒಳಗಿನವರ ಪಂದ್ಯ' ಎಂದು ಬ್ಯಾನರ್ ಕಟ್ಟುತ್ತಾರೆ. ಪಂದ್ಯದ ದಿನ ಗೊಬ್ಬರದ ಅಂಗಡಿಯಿಂದಲೋ ಕಿರಾಣಿ ಅಂಗಡಿಯಿಂದಲೋ ಕಾಂಟಾ ತಂದು ಅಂಕಣದ ಪಕ್ಕ ಇಡುತ್ತಾರೆ. ಹುಡುಗರು ಚಪ್ಪಲಿ, ಅಂಗಿ ಕಳಚಿ ಒಬ್ಬೊಬ್ಬರೇ ಹತ್ತುತ್ತಾರೆ. ಅರ್ಧ ಕಿಲೋ ಹೆಚ್ಚಾದವನು ಇಳಿದು ಅಂಕಣದ ಸುತ್ತ ಓಡಲು ಶುರುಮಾಡುತ್ತಾನೆ, ಬೆವರು ಹರಿಸಿ ಮತ್ತೆ ಬಂದು ಹತ್ತುತ್ತಾನೆ. ಹಿಂದಿನ ರಾತ್ರಿ ಊಟ ಬಿಟ್ಟವನೂ ಅವರಲ್ಲಿರುತ್ತಾನೆ. ಪ್ರೊ ಕಬಡ್ಡಿಯ ಮಿತಿ 85 ಕೆ.ಜಿ. ಅಲ್ಲಿ ಕವರ್‌ನಲ್ಲಿ ನಿಲ್ಲುವವನು ಆ ಮಿತಿಗೆ ಹತ್ತಿರವೇ ಇರುತ್ತಾನೆ. ಹದಿನೆಂಟರಿಂದ ಇಪ್ಪತ್ತೆರಡರವರೆಗೆ, ಮೈ ಕಟ್ಟಿಕೊಳ್ಳಬೇಕಾದ ವಯಸ್ಸಿನಲ್ಲಿ, ನಮ್ಮ ಒಳ್ಳೆಯ ರೈಡರ್‌ಗಳು ಬಹುಮಾನದ ಐದು, ಹತ್ತು ಸಾವಿರಕ್ಕಾಗಿ ಮೈ ಇಳಿಸುತ್ತಿದ್ದಾರೆ. ಮಣ್ಣಿನಲ್ಲಿ ಬರಿಗಾಲಲ್ಲಿ ಆಡಿದವನು ಶಿಬಿರದ ಮ್ಯಾಟ್ ಮೇಲೆ ಬೂಟು ಹಾಕಿ ನಿಂತಾಗ ಕಾಲು ತಡಕಾಡುತ್ತದೆ. ಚುರುಕು, ಉಸಿರು, ಧೈರ್ಯ ಎಲ್ಲ ಇದ್ದರೂ ಆಯ್ಕೆಗಾರನ ಕಣ್ಣಿಗೆ ಕಾಣುವುದು ಸಣಕಲು ಮೈ.

2025ರ ಹನ್ನೆರಡನೇ ಆವೃತ್ತಿಗೆ ಬುಲ್ಸ್ ಬಿ.ಸಿ. ರಮೇಶ್ ಅವರನ್ನು ಮುಖ್ಯ ಕೋಚ್ ಮಾಡಿತು. ಹಿಂದಿನ ವರ್ಷ ಕೊನೆಯಲ್ಲಿದ್ದ ತಂಡ ಪ್ಲೇಆಫ್ ಮುಟ್ಟಿತು. ಇರಾನಿನ ಅಲಿರೆಜಾ ಮಿರ್ಜಾಯಿಯನ್ ದಾಳಿಯ ಭಾರ ಹೊತ್ತ. ಅವನ ಜೊತೆ ದಾಳಿಗೆ ಇಳಿದವರಲ್ಲಿ ಗಣೇಶ ಹನಮಂತಗೋಳನೂ ಇದ್ದ. ಆ ಅಡ್ಡಹೆಸರು ಪರದೆಯ ಮೇಲೆ ಬಂದಾಗ ಬೆಳಗಾವಿ, ಬಾಗಲಕೋಟೆ ಕಡೆಯ ಮನೆಗಳಲ್ಲಿ ಏನು ಸಡಗರ ಎಂದು ನಮ್ಮವರಿಗೆ ಬಿಡಿಸಿ ಹೇಳಬೇಕಿಲ್ಲ. ನಮ್ಮ ನೆಲ ಬಲ್ಲ ಕೋಚ್, ನಮ್ಮ ನಾಡಿನ ರೈಡರ್, ಇಬ್ಬರೂ ಬುಲ್ಸ್ ಪಾಳೆಯದಲ್ಲಿ ಇದ್ದರು.

ರಮೇಶ್ ಅವರಲ್ಲಿ ನನ್ನದೊಂದು ಕೋರಿಕೆ. ಆಯ್ಕೆಯ ಶಿಬಿರ ಬೆಂಗಳೂರಿನಲ್ಲಿ ಇಟ್ಟರೆ ಮಂಗಸೂಳಿಯ ಹುಡುಗ ಬರುವುದಿಲ್ಲ. ಬಸ್ಸಿನ ಖರ್ಚು, ಎರಡು ದಿನದ ಕೂಲಿ ಎರಡೂ ಹೋಗುತ್ತವೆ. ಕಬ್ಬಿನ ಹಂಗಾಮು ಮುಗಿಯುವ ಏಪ್ರಿಲ್ ಹೊತ್ತಿಗೆ ಹುಡುಗರಿಗೆ ಬಿಡುವಾಗುತ್ತದೆ. ಆಗ ಅಥಣಿಯಲ್ಲೋ ಕಾಗವಾಡದಲ್ಲೋ ಒಂದು ವಾರದ ಶಿಬಿರ ಹಾಕಿ, ಮ್ಯಾಟ್ ಒಂದು ಲಾರಿಯಲ್ಲಿ ಬರಲಿ, ಹುಡುಗರ ಅಳತೆಯ ಬೂಟುಗಳೂ ಬರಲಿ. ಕಾಂಟಾದ ಮೇಲೆ ನಿಲ್ಲಿಸುವ ಬದಲು ಅವರ ಭುಜದ ಅಗಲ, ಪಾದದ ಅಳತೆ ನೋಡಿ, ಎರಡು ವರ್ಷ ಹೊಟ್ಟೆ ತುಂಬಾ ಉಂಡರೆ ಈ ಮೈ ಎಷ್ಟಕ್ಕೆ ಬೆಳೆದೀತು ಎಂದು ಅಂದಾಜಿಸಿ. 2015ರಲ್ಲಿ ಪ್ರದೀಪ್ ಕೂಡ ಎಳಸು ಮೈಯ ಹುಡುಗನೇ ಆಗಿದ್ದ. ಇಲ್ಲಿಂದ ಇಬ್ಬರನ್ನು ಕರೆದುಕೊಂಡು ಹೋದರೂ ಸಾಕು, ಮೊದಲ ವರ್ಷ ಅಂಕ ಬರಲಿಲ್ಲವೆಂದು ಬಿಟ್ಟುಬಿಡಬೇಡಿ.